ಹೆರಿಗೆ ವೇಳೆ ಮಗುವಿನ ಎದೆಬಡಿತ: ಸಿಟಿಜಿ ಗೆರೆಯ ಅರ್ಥವೇನು, ನರ್ಸ್ ಏನು ಮಾಡುತ್ತಾರೆ?

ಹೆರಿಗೆ ನೋವು ಶುರುವಾಗಿ ಆಸ್ಪತ್ರೆಗೆ ಸೇರಿದ ಮೇಲೆ ನರ್ಸ್ ಮತ್ತೆ ಮತ್ತೆ ಬಂದು ಮಗುವಿನ ಎದೆಬಡಿತ ಕೇಳುತ್ತಾರೆ. ಕೆಲವೊಮ್ಮೆ ಹೊಟ್ಟೆಗೆ ಎರಡು ಬೆಲ್ಟ್ ಕಟ್ಟಿ, ಪಕ್ಕದ ಯಂತ್ರದಿಂದ ಉದ್ದನೆಯ ಕಾಗದ ಹೊರಬರುವಂತೆ ಮಾಡುತ್ತಾರೆ. ಯಂತ್ರದ ಸಂಖ್ಯೆ ಇದ್ದಕ್ಕಿದ್ದಂತೆ ಇಳಿದಾಗ ಅಥವಾ ಸದ್ದು ನಿಂತಾಗ ಮನೆಯವರಿಗೆ ಗಾಬರಿಯಾಗುವುದು ಸಹಜ. ಆ ಗೆರೆ ಏನು ಹೇಳುತ್ತದೆ, ನರ್ಸ್ ಏಕೆ ನಿಮ್ಮನ್ನು ಮಗ್ಗುಲು ತಿರುಗಿಸುತ್ತಾರೆ, ಯಾವಾಗ ನೀವೇ ಕೂಗಿ ಕರೆಯಬೇಕು ಎಂಬುದನ್ನು ಇಲ್ಲಿ ವಿವರಿಸಲಾಗಿದೆ. ಚೆನ್ನೈನ ತಾಂಬರಂ, ಕ್ರೋಂಪೇಟೆ ಸುತ್ತಮುತ್ತ ನೆಲೆಸಿ, ತಮಿಳು ಮಾತಾಡುವ ಹೆರಿಗೆ ಕೋಣೆಗೆ ಹೋಗಬೇಕಾದ ಕನ್ನಡ ಕುಟುಂಬಗಳಿಗಾಗಿ ಕೊನೆಯಲ್ಲಿ ಕೆಲವು ಮಾತುಗಳಿವೆ.

ಮುಖ್ಯ ಅಂಶಗಳು

- ಹೆರಿಗೆ ಸಮಯದಲ್ಲಿ ಮಗುವಿನ ಎದೆಬಡಿತ ನಿಮಿಷಕ್ಕೆ 110ರಿಂದ 160ರವರೆಗೆ ಇರುವುದು ಸಾಮಾನ್ಯ.
- ಒಂದು ಸಂಖ್ಯೆಯನ್ನು ನೋಡಿ ಏನನ್ನೂ ತೀರ್ಮಾನಿಸಲಾಗದು. ಕನಿಷ್ಠ 10 ನಿಮಿಷಗಳ ಗೆರೆ ಮತ್ತು ತಾಯಿಯ ಸ್ಥಿತಿ ಎರಡನ್ನೂ ಸೇರಿಸಿ ನೋಡಬೇಕು.
- ಬಡಿತ ಇಳಿದ ಕೂಡಲೇ ಸಿಸೇರಿಯನ್ ಎಂದರ್ಥವಲ್ಲ. ಮಗ್ಗುಲು ಬದಲಿಸುವುದು, ನೋವು ಬರಿಸುವ ಡ್ರಿಪ್ ನಿಲ್ಲಿಸುವುದು ಮುಂತಾದ ಕ್ರಮಗಳಿಂದ ಅನೇಕ ಸಲ ಗೆರೆ ಸರಿಹೋಗುತ್ತದೆ.
- ಬಡಿತ ಇಳಿದು ಕೆಲವು ನಿಮಿಷವಾದರೂ ಮೇಲೇರದಿದ್ದರೆ ಅದು ತುರ್ತು ಸ್ಥಿತಿ.

ಬಡಿತವನ್ನು ಏಕೆ ಇಷ್ಟು ಗಮನಿಸುತ್ತಾರೆ?

ಹೊಟ್ಟೆಯೊಳಗಿನ ಮಗು ತಾನಾಗಿ ಉಸಿರಾಡುವುದಿಲ್ಲ. ತಾಯಿಯ ರಕ್ತದಲ್ಲಿರುವ ಆಮ್ಲಜನಕ ಮಾಸು ಮತ್ತು ಹೊಕ್ಕುಳ ಬಳ್ಳಿಯ ಮೂಲಕ ಮಗುವಿಗೆ ತಲುಪುತ್ತದೆ. ನೋವು ಬಂದಾಗಲೆಲ್ಲ ಗರ್ಭಕೋಶ ಬಿಗಿಯಾಗುತ್ತದೆ, ಮಾಸಿಗೆ ಹರಿಯುವ ರಕ್ತ ಸ್ವಲ್ಪ ಹೊತ್ತು ಕಡಿಮೆಯಾಗುತ್ತದೆ. ನೋವು ಬಿಟ್ಟಾಗ ಮತ್ತೆ ಹರಿಯುತ್ತದೆ. ಆರೋಗ್ಯವಂತ ಮಗು ಇದನ್ನು ತಡೆದುಕೊಳ್ಳುತ್ತದೆ. ಎರಡು ನೋವುಗಳ ನಡುವಿನ ಬಿಡುವಿನಲ್ಲಿ ಸುಧಾರಿಸಿಕೊಳ್ಳುತ್ತದೆ.

ಬಿಡುವು ಸಾಲದಿದ್ದರೆ, ಬಳ್ಳಿ ಒತ್ತಿಕೊಂಡರೆ, ಮಾಸು ದುರ್ಬಲವಾಗಿದ್ದರೆ ಅಥವಾ ತಾಯಿಯ ರಕ್ತದೊತ್ತಡ ಕುಸಿದರೆ ಮಗುವಿಗೆ ಆಮ್ಲಜನಕ ಕಡಿಮೆಯಾಗುತ್ತದೆ. ಇದು ಹೆಚ್ಚು ಹೊತ್ತು ಮುಂದುವರಿದರೆ ಮೆದುಳಿಗೆ ಹಾನಿಯಾಗಬಹುದು, ಮಗುವಿನ ಜೀವಕ್ಕೂ ಅಪಾಯವಾಗಬಹುದು. ಒಳಗಿರುವ ಮಗುವಿನ ಸ್ಥಿತಿ ನಮಗೆ ತಿಳಿಯುವ ಮುಖ್ಯ ದಾರಿ ಅದರ ಎದೆಬಡಿತ.

ಬಡಿತ ಕೇಳುವ ಎರಡು ವಿಧಾನಗಳು

*ಆಗಾಗ ಕೇಳುವುದು.* ಕೈಯಲ್ಲಿ ಹಿಡಿಯುವ ಡಾಪ್ಲರ್ ಯಂತ್ರದಿಂದ ಅಥವಾ ಪಿನಾರ್ಡ್ ಎಂಬ ಕೊಳವೆಯಿಂದ ನರ್ಸ್ ಬಡಿತ ಎಣಿಸುತ್ತಾರೆ. ಗರ್ಭಕೋಶದ ಬಾಯಿ ತೆರೆದುಕೊಳ್ಳುವ ಹಂತದಲ್ಲಿ 15ರಿಂದ 30 ನಿಮಿಷಕ್ಕೊಮ್ಮೆ, ತಾಯಿ ಮುಕ್ಕುವ ಹಂತದಲ್ಲಿ 5 ನಿಮಿಷಕ್ಕೊಮ್ಮೆ ಕೇಳಬೇಕು. ಪ್ರತಿ ಸಲ ಕನಿಷ್ಠ ಒಂದು ನಿಮಿಷ, ನೋವು ಮುಗಿದ ನಂತರವೂ ಕೇಳುವುದು ಸರಿಯಾದ ಕ್ರಮ. ನೋವು ಬಿಟ್ಟ ಮೇಲೂ ಬಡಿತ ಕೆಳಗೇ ಉಳಿದಿದೆಯೇ ಎಂಬುದು ಆಗಲೇ ಗೊತ್ತಾಗುವುದು.

*ಸಿಟಿಜಿ.* ಇದರಲ್ಲಿ ಎರಡು ಬೆಲ್ಟ್‌ಗಳಿವೆ. ಒಂದು ಮಗುವಿನ ಬಡಿತವನ್ನು, ಇನ್ನೊಂದು ಗರ್ಭಕೋಶದ ಬಿಗಿತವನ್ನು ದಾಖಲಿಸುತ್ತದೆ. ತಾಯಿಗೆ ಬಿಪಿ ಅಥವಾ ಸಕ್ಕರೆ ಕಾಯಿಲೆ, ಜ್ವರ, ಹಿಂದಿನ ಹೆರಿಗೆ ಸಿಸೇರಿಯನ್, ನೋವು ಬರಿಸುವ ಆಕ್ಸಿಟೋಸಿನ್ ಡ್ರಿಪ್, ಎಪಿಡ್ಯೂರಲ್, ಅವಳಿ ಮಕ್ಕಳು, ದಿನ ತುಂಬದ ಮಗು, ಬೆಳವಣಿಗೆ ಕಡಿಮೆಯಿರುವ ಮಗು, ಹಸಿರು ಬಣ್ಣದ ನೀರು ಇಂಥ ಸಂದರ್ಭಗಳಲ್ಲಿ ಸಿಟಿಜಿ ನಿರಂತರವಾಗಿ ಬೇಕಾಗುತ್ತದೆ.

ಯಾವ ತೊಂದರೆಯೂ ಇಲ್ಲದ ತಾಯಿಗೆ ಸಹಜವಾಗಿ ನೋವು ಶುರುವಾಗಿದ್ದರೆ ನಿರಂತರ ಸಿಟಿಜಿ ಬೇಡ, ಆಗಾಗ ಕೇಳಿದರೆ ಸಾಕು ಎಂದು ವಿಶ್ವ ಆರೋಗ್ಯ ಸಂಸ್ಥೆ 2018ರ ಮಾರ್ಗಸೂಚಿಯಲ್ಲಿ ಹೇಳಿದೆ. ಇದಕ್ಕೆ ಕಾರಣವಿದೆ. 37,000ಕ್ಕೂ ಹೆಚ್ಚು ಮಹಿಳೆಯರು ಭಾಗವಹಿಸಿದ್ದ 13 ಅಧ್ಯಯನಗಳನ್ನು ಕಾಕ್ರೇನ್ ಸಂಸ್ಥೆ 2017ರಲ್ಲಿ ಒಟ್ಟುಗೂಡಿಸಿ ನೋಡಿತು. ನಿರಂತರ ಸಿಟಿಜಿಯಿಂದ ನವಜಾತ ಶಿಶುಗಳಲ್ಲಿ ಫಿಟ್ಸ್ ಬರುವುದು ಸುಮಾರು ಅರ್ಧಕ್ಕೆ ಇಳಿದಿತ್ತು. ಆದರೆ ಶಿಶು ಮರಣದಲ್ಲಾಗಲಿ, ಸೆರೆಬ್ರಲ್ ಪಾಲ್ಸಿಯಲ್ಲಾಗಲಿ ವ್ಯತ್ಯಾಸ ಕಾಣಲಿಲ್ಲ; ಸಿಸೇರಿಯನ್ ಮಾತ್ರ ಹೆಚ್ಚಾಗಿತ್ತು. ಹಾಗಾಗಿ ನಿಮಗೆ ಬೆಲ್ಟ್ ಕಟ್ಟಿಲ್ಲವೆಂದರೆ ನಿಮ್ಮನ್ನು ಕಡೆಗಣಿಸಿದ್ದಾರೆ ಎಂದುಕೊಳ್ಳಬೇಡಿ. ನಿಗದಿತ ಸಮಯಕ್ಕೆ ಬಂದು ಕೇಳುತ್ತಿದ್ದಾರೆಯೇ ಎಂಬುದನ್ನು ಗಮನಿಸಿ.

ಕಾಗದದ ಮೇಲೆ ಏನಿರುತ್ತದೆ?

ಮೇಲಿನ ಗೆರೆ ಮಗುವಿನ ಬಡಿತ, ಕೆಳಗಿನ ಗೆರೆ ನೋವು. ಕೆಳಗಿನ ಗೆರೆ ಗುಡ್ಡದಂತೆ ಎದ್ದು ಇಳಿದರೆ ಒಂದು ನೋವು ಬಂದು ಹೋಯಿತು ಎಂದರ್ಥ. ಆ ಗುಡ್ಡದ ಎತ್ತರ ನೋವಿನ ತೀವ್ರತೆಯನ್ನು ತಿಳಿಸುವುದಿಲ್ಲ. ಬೆಲ್ಟ್ ಎಷ್ಟು ಬಿಗಿಯಾಗಿದೆ ಎಂಬುದರ ಮೇಲೂ ಅದು ಬದಲಾಗುತ್ತದೆ. ಎಷ್ಟು ಹೊತ್ತಿಗೊಂದು ನೋವು ಬರುತ್ತಿದೆ ಎಂಬುದಷ್ಟೇ ಅದರಿಂದ ತಿಳಿಯುತ್ತದೆ.

ಮೇಲಿನ ಗೆರೆಯಲ್ಲಿ ನರ್ಸ್ ಮತ್ತು ವೈದ್ಯರು ನಾಲ್ಕು ವಿಷಯಗಳನ್ನು ನೋಡುತ್ತಾರೆ.

1. *ಮೂಲ ಮಟ್ಟ.* ನೋವಿನ ಏರಿಳಿತ ಬಿಟ್ಟು, ಸುಮಾರು 10 ನಿಮಿಷಗಳಲ್ಲಿ ಬಡಿತ ಎಲ್ಲಿ ನಿಂತಿದೆ ಎಂಬುದು. 160 ದಾಟಿ ಉಳಿದರೆ ತಾಯಿಗೆ ಜ್ವರ, ಸೋಂಕು, ನಿರ್ಜಲೀಕರಣ ಅಥವಾ ಕೆಲವು ಔಷಧಿಗಳು ಕಾರಣವಿರಬಹುದು. 110ಕ್ಕಿಂತ ಕೆಳಗೇ ಉಳಿದರೆ ಕಾರಣ ಹುಡುಕಲೇಬೇಕು. ದಿನ ದಾಟಿದ ಕೆಲವು ಮಕ್ಕಳಲ್ಲಿ 100ರಿಂದ 110ರ ನಡುವಿನ ಬಡಿತವೂ ಉಳಿದೆಲ್ಲ ಚೆನ್ನಾಗಿದ್ದರೆ ಸಹಜವಾಗಿರಬಹುದು.

2. *ಸಣ್ಣ ಏರಿಳಿತ.* ಆರೋಗ್ಯವಂತ ಮಗುವಿನ ಗೆರೆ ನೇರವಾಗಿ ಇರುವುದಿಲ್ಲ, ಗರಗಸದ ಹಲ್ಲಿನಂತೆ ಅಂಕುಡೊಂಕಾಗಿರುತ್ತದೆ. 5ರಿಂದ 25 ಬಡಿತಗಳ ಅಂತರದಲ್ಲಿ ಮೇಲೆ ಕೆಳಗೆ ಆಗುತ್ತಿದ್ದರೆ ಮಗುವಿನ ಮೆದುಳಿಗೆ ಆಮ್ಲಜನಕ ಸಿಗುತ್ತಿದೆ ಎಂಬುದಕ್ಕೆ ಒಳ್ಳೆಯ ಗುರುತು. ಮಗು ನಿದ್ದೆಯಲ್ಲಿದ್ದಾಗ ಅಥವಾ ತಾಯಿಗೆ ಪೆಥಿಡಿನ್‌ನಂತಹ ನೋವಿನ ಇಂಜೆಕ್ಷನ್ ಕೊಟ್ಟಾಗ ಗೆರೆ ಸ್ವಲ್ಪ ಹೊತ್ತು ಮಟ್ಟಸವಾಗಬಹುದು. ಮಗುವಿನ ನಿದ್ದೆ ಸಾಮಾನ್ಯವಾಗಿ 20ರಿಂದ 40 ನಿಮಿಷ. 50 ನಿಮಿಷ ದಾಟಿಯೂ ಗೆರೆ ಮಟ್ಟಸವಾಗಿಯೇ ಇದ್ದರೆ ವೈದ್ಯರು ನೋಡಲೇಬೇಕು.

3. *ಏರಿಕೆ.* ಬಡಿತ ಕನಿಷ್ಠ 15ರಷ್ಟು ಹೆಚ್ಚಿ 15 ಸೆಕೆಂಡ್ ಅಥವಾ ಹೆಚ್ಚು ಹೊತ್ತು ಉಳಿದು ಇಳಿಯುವುದು. ಮಗು ಕೈಕಾಲು ಆಡಿಸಿದಾಗ ಹೀಗಾಗುತ್ತದೆ. ಇದು ಶುಭ ಸೂಚನೆ. ಹೆರಿಗೆ ವೇಳೆ ಏರಿಕೆಗಳು ಕಾಣದಿದ್ದರೂ ಉಳಿದದ್ದೆಲ್ಲ ಸರಿಯಿದ್ದರೆ ಭಯ ಬೇಡ.

4. *ಇಳಿಕೆ.* ಬಡಿತ ಮೂಲ ಮಟ್ಟದಿಂದ ಕೆಳಗಿಳಿದು ಮತ್ತೆ ಏರುವುದು. ಮನೆಯವರಿಗೆ ಹೆಚ್ಚು ಗಾಬರಿ ಹುಟ್ಟಿಸುವುದು ಇದೇ. ಎಲ್ಲ ಇಳಿಕೆಗಳೂ ಒಂದೇ ಅಲ್ಲ.

ಇಳಿಕೆಗಳಲ್ಲಿ ನಾಲ್ಕು ಬಗೆ

*ನೋವಿನ ಜೊತೆಗೇ ಇಳಿದು ಜೊತೆಗೇ ಏರುವುದು.* ಮೇಲಿನ ತಗ್ಗು ಕೆಳಗಿನ ಗುಡ್ಡದ ಪ್ರತಿಬಿಂಬದಂತೆ ಕಾಣುತ್ತದೆ. ಮಗುವಿನ ತಲೆ ಒತ್ತಿಕೊಂಡಾಗ ಹೀಗಾಗುತ್ತದೆ. ಸಾಮಾನ್ಯವಾಗಿ ಇದರಿಂದ ಅಪಾಯವಿಲ್ಲ.

*ಥಟ್ಟನೆ ಇಳಿದು ಥಟ್ಟನೆ ಏರುವುದು.* ಆಕಾರ ಪ್ರತಿ ಸಲ ಬೇರೆ ಬೇರೆ. ಹೊಕ್ಕುಳ ಬಳ್ಳಿ ಸ್ವಲ್ಪ ಹೊತ್ತು ಒತ್ತಿಕೊಂಡಾಗ ಕಾಣಿಸಿಕೊಳ್ಳುತ್ತದೆ. ಹೆರಿಗೆಯಲ್ಲಿ ಅತಿ ಹೆಚ್ಚಾಗಿ ಕಾಣುವ ಇಳಿಕೆ ಇದೇ. ಆಗೊಮ್ಮೆ ಈಗೊಮ್ಮೆ ಬಂದು ಬೇಗ ಸರಿಹೋದರೆ ಗಮನಿಸುತ್ತಾ ಇರುತ್ತಾರೆ. ಪ್ರತಿ ನೋವಿಗೂ ಬಂದು, ಆಳವಾಗುತ್ತಾ, ಹೆಚ್ಚು ಹೊತ್ತು ಉಳಿಯುತ್ತಾ ಹೋದರೆ ಕ್ರಮ ಕೈಗೊಳ್ಳುತ್ತಾರೆ.

*ನೋವಿನ ಹಿಂದೆ ಬರುವ ಇಳಿಕೆ.* ನೋವು ಶುರುವಾದ ಮೇಲೆ ನಿಧಾನವಾಗಿ ಇಳಿಯುತ್ತದೆ, ನೋವಿನ ತುದಿ ದಾಟಿದ ಮೇಲೆ ಅತಿ ಕೆಳಗೆ ಹೋಗುತ್ತದೆ, ನೋವು ಬಿಟ್ಟ ಮೇಲೆ ತಡವಾಗಿ ಏರುತ್ತದೆ. ಮಾಸಿನಿಂದ ಆಮ್ಲಜನಕ ಸಾಲುತ್ತಿಲ್ಲ ಎಂಬ ಸೂಚನೆ ಇದು. ಪದೇ ಪದೇ ಬಂದರೆ, ಅದರ ಜೊತೆ ಗೆರೆಯೂ ಮಟ್ಟಸವಾಗಿದ್ದರೆ, ತಡಮಾಡುವಂತಿಲ್ಲ.

*ದೀರ್ಘ ಇಳಿಕೆ.* ಬಡಿತ ಇಳಿದು 3 ನಿಮಿಷ ದಾಟಿದರೂ ಮೇಲೇರದಿರುವುದು. 80ಕ್ಕಿಂತ ಕೆಳಗಿಳಿದು, ಗೆರೆಯೂ ಮಟ್ಟಸವಾಗಿ, 5 ನಿಮಿಷ ದಾಟಿದರೆ ಮಗುವನ್ನು ಬೇಗ ಹೊರತರಬೇಕಾಗುವ ಸಾಧ್ಯತೆ ಹೆಚ್ಚು.

ಇವೆಲ್ಲವನ್ನೂ ಸೇರಿಸಿ ಗೆರೆಯನ್ನು 'ಸಾಮಾನ್ಯ', 'ಅನುಮಾನಾಸ್ಪದ', 'ಅಪಾಯಕಾರಿ' ಎಂದು ಮೂರು ಗುಂಪು ಮಾಡುತ್ತಾರೆ. ಅಂತರರಾಷ್ಟ್ರೀಯ ಸ್ತ್ರೀರೋಗ ಮತ್ತು ಪ್ರಸೂತಿ ಒಕ್ಕೂಟವಾದ ಫೀಗೋ 2015ರಲ್ಲಿ ಹೊರತಂದ ವಿಂಗಡಣೆ ಇದು. ನಡುವಿನ ಗುಂಪಿಗೆ ಸೇರಿದ ಗೆರೆಯೇ ತುಂಬಾ ಕಷ್ಟ. ಅಲ್ಲಿ ಮಗು ಚೆನ್ನಾಗಿಯೇ ಇರಬಹುದು, ಆಗಷ್ಟೇ ದಣಿಯಲು ಶುರುವಾಗಿರಲೂಬಹುದು. ನರ್ಸ್ ಕೈಗೊಳ್ಳುವ ಮೊದಲ ಕ್ರಮಗಳಿಗೆ ಮಗು ಹೇಗೆ ಸ್ಪಂದಿಸುತ್ತದೆ ಎಂಬುದರಿಂದ ಉತ್ತರ ತಿಳಿಯುತ್ತದೆ.

ಬಡಿತ ಇಳಿದಾಗ ನರ್ಸ್ ಏನು ಮಾಡುತ್ತಾರೆ, ಏಕೆ?

ಕೆಳಗಿನ ಕೆಲಸಗಳು ಒಂದರ ಹಿಂದೊಂದು ಅಥವಾ ಒಟ್ಟೊಟ್ಟಿಗೇ ನಡೆಯುತ್ತವೆ. ಇಬ್ಬರು ಮೂವರು ನರ್ಸ್‌ಗಳು ಒಮ್ಮೆಗೇ ಬಂದರೆ ಹೆದರಬೇಡಿ. ಕೆಲಸ ಬೇಗ ಮುಗಿಯಲೆಂದೇ ಬಂದಿರುತ್ತಾರೆ.

- *ನಿಮ್ಮ ನಾಡಿ ಹಿಡಿಯುತ್ತಾರೆ.* ಯಂತ್ರ ಕೆಲವೊಮ್ಮೆ ತಾಯಿಯ ಬಡಿತವನ್ನೇ ಮಗುವಿನದೆಂದು ತೋರಿಸುತ್ತದೆ. ಮುಕ್ಕುವಾಗ ತಾಯಿಯ ನಾಡಿ 110 ದಾಟುವುದುಂಟು, ಆಗ ಎಲ್ಲ ಸರಿಯಿದೆ ಎಂಬ ತಪ್ಪು ಭರವಸೆಯೂ ಮೂಡಬಹುದು. ಕೈ ಹಿಡಿದು ಎಣಿಸಿದರೆ ಎರಡೂ ಬೇರೆ ಬೇರೆ ಎಂಬುದು ಖಚಿತವಾಗುತ್ತದೆ.
- *ಮಗ್ಗುಲು ತಿರುಗಿಸುತ್ತಾರೆ.* ಅಂಗಾತ ಮಲಗಿದಾಗ ಗರ್ಭಕೋಶ ಬೆನ್ನಿನ ಬಳಿಯ ದೊಡ್ಡ ರಕ್ತನಾಳಗಳನ್ನು ಒತ್ತುತ್ತದೆ. ಎಡ ಮಗ್ಗುಲಿಗೆ ತಿರುಗಿದರೆ ಮಾಸಿಗೆ ರಕ್ತ ಹೆಚ್ಚು ಹರಿಯುತ್ತದೆ. ಬಳ್ಳಿ ಒತ್ತಿಕೊಂಡಿದ್ದರೂ ಬಿಡಿಸಿಕೊಳ್ಳಬಹುದು. ಎಡಕ್ಕೆ ಸರಿಹೋಗದಿದ್ದರೆ ಬಲಕ್ಕೆ ತಿರುಗಿಸಿ ನೋಡುತ್ತಾರೆ.
- *ಆಕ್ಸಿಟೋಸಿನ್ ಡ್ರಿಪ್ ನಿಲ್ಲಿಸುತ್ತಾರೆ ಅಥವಾ ಕಡಿಮೆ ಮಾಡುತ್ತಾರೆ.* 10 ನಿಮಿಷದಲ್ಲಿ 5ಕ್ಕಿಂತ ಹೆಚ್ಚು ನೋವುಗಳು ಬರುತ್ತಿದ್ದರೆ ಮಗುವಿಗೆ ಸುಧಾರಿಸಿಕೊಳ್ಳಲು ಬಿಡುವಿಲ್ಲ. ಅಷ್ಟಕ್ಕೂ ನಿಲ್ಲದಿದ್ದರೆ ಗರ್ಭಕೋಶ ಸಡಿಲಗೊಳಿಸುವ ಟರ್ಬುಟಾಲಿನ್ ಇಂಜೆಕ್ಷನ್ ಕೊಡಬಹುದು.
- *ಬಿಪಿ, ಜ್ವರ ನೋಡುತ್ತಾರೆ.* ಎಪಿಡ್ಯೂರಲ್ ಕೊಟ್ಟ ಮೇಲೆ ಬಿಪಿ ಇಳಿದಿದ್ದರೆ, ಅಥವಾ ಮೈಯಲ್ಲಿ ನೀರಿನಂಶ ಕಡಿಮೆಯಾಗಿದ್ದರೆ ಗ್ಲೂಕೋಸ್ ಇಲ್ಲದ ಸಲೈನ್ ಡ್ರಿಪ್ ಏರಿಸುತ್ತಾರೆ. ಜ್ವರವಿದ್ದರೆ ಅದಕ್ಕೆ ಔಷಧಿ ಕೊಡುತ್ತಾರೆ.
- *ಒಳ ಪರೀಕ್ಷೆ ಮಾಡುತ್ತಾರೆ.* ಬಾಯಿ ಪೂರ್ತಿ ತೆರೆದಿದೆಯೇ, ಹೊಕ್ಕುಳ ಬಳ್ಳಿ ತಲೆಗಿಂತ ಮುಂಚೆ ಜಾರಿದೆಯೇ ಎಂದು ನೋಡಲು. ಬಳ್ಳಿ ಜಾರಿದ್ದರೆ ನರ್ಸ್ ಬೆರಳುಗಳಿಂದ ಮಗುವಿನ ತಲೆಯನ್ನು ಮೇಲಕ್ಕೆ ಒತ್ತಿ ಹಿಡಿಯುತ್ತಾರೆ, ನಿಮ್ಮನ್ನು ಮೊಣಕಾಲೂರಿ ಎದೆ ತಗ್ಗಿಸಿ ಮಲಗಿಸುತ್ತಾರೆ. ಆಪರೇಷನ್ ಕೋಣೆಯವರೆಗೂ ಆ ಕೈ ತೆಗೆಯುವುದಿಲ್ಲ.
- *ಮುಕ್ಕುವುದನ್ನು ನಿಲ್ಲಿಸಲು ಹೇಳಬಹುದು.* ಒಂದು ನೋವು ಬಿಟ್ಟು ಒಂದಕ್ಕೆ ಮುಕ್ಕಿದರೆ ಮಗುವಿಗೆ ಉಸಿರು ತಿರುಗಿಸಿಕೊಳ್ಳಲು ಸಮಯ ಸಿಗುತ್ತದೆ.
- *ವೈದ್ಯರಿಗೆ ತಿಳಿಸಿ, ಸಮಯ ಬರೆಯುತ್ತಾರೆ.* ಯಾವಾಗ ಇಳಿಯಿತು, ಏನು ಮಾಡಿದರು, ಯಾವಾಗ ಏರಿತು ಎಂಬುದು ಕೇಸ್ ಶೀಟಿನಲ್ಲಿ ಇರಬೇಕು.

ಹಿಂದೆ ಬಡಿತ ಇಳಿದರೆ ಎಲ್ಲ ತಾಯಂದಿರಿಗೂ ಆಮ್ಲಜನಕದ ಮಾಸ್ಕ್ ಹಾಕುತ್ತಿದ್ದರು. ತಾಯಿಯ ಆಮ್ಲಜನಕ ಮಟ್ಟ ಸರಿಯಾಗಿರುವಾಗ ಇದರಿಂದ ಮಗುವಿಗೆ ಲಾಭವೆಂದು ಸಾಬೀತಾಗಿಲ್ಲ. ಆದ್ದರಿಂದ ಮಾಸ್ಕ್ ಹಾಕಲಿಲ್ಲವೆಂದು ಆತಂಕ ಪಡಬೇಕಾಗಿಲ್ಲ.

ಸದ್ದು ನಿಂತರೆ ಮಗುವಿನ ಎದೆ ನಿಂತಂತೆಯೇ?

ಬಹುತೇಕ ಅಲ್ಲ. ತಾಯಿ ಮಗ್ಗುಲು ಬದಲಿಸಿದಾಗ, ಮಗು ಕೆಳಗಿಳಿದಾಗ ಬೆಲ್ಟ್ ಜಾರಿ ಯಂತ್ರಕ್ಕೆ ಬಡಿತ ಸಿಗದೆ ಹೋಗುತ್ತದೆ. ಕಾಗದದ ಮೇಲೆ ಗೆರೆ ತುಂಡು ತುಂಡಾಗಿ ಕಂಡರೆ ಸಾಮಾನ್ಯವಾಗಿ ಇದೇ ಕಾರಣ. ಆದರೆ ಅದನ್ನು ಖಚಿತಪಡಿಸಬೇಕಾದವರು ನರ್ಸ್. ನೀವೇ ಬೆಲ್ಟ್ ಸರಿಪಡಿಸಿ, ಯಂತ್ರದ ಅಲಾರಂ ಸದ್ದು ಆರಿಸಿ ಸುಮ್ಮನಿರಬೇಡಿ. ಕೂಡಲೇ ಕರೆಯಿರಿ.

ಸಿಸೇರಿಯನ್ ಬೇಕೆಂದಾಗ

ಮೇಲಿನ ಕ್ರಮಗಳಿಂದ ಗೆರೆ ಸರಿಹೋಗದಿದ್ದರೆ ಮಗುವನ್ನು ಬೇಗ ಹೊರತರಬೇಕಾಗುತ್ತದೆ. ಬಾಯಿ ಪೂರ್ತಿ ತೆರೆದು ತಲೆ ಕೆಳಗಿದ್ದರೆ ವ್ಯಾಕ್ಯೂಮ್ ಅಥವಾ ಫೋರ್ಸೆಪ್ಸ್ ಬಳಸುತ್ತಾರೆ, ಇಲ್ಲವಾದರೆ ಸಿಸೇರಿಯನ್. ಜೀವಕ್ಕೆ ತಕ್ಷಣದ ಅಪಾಯವಿದ್ದಾಗ ನಿರ್ಧಾರವಾದ 30 ನಿಮಿಷದೊಳಗೆ ಮಗು ಹೊರಬರಬೇಕೆಂಬುದು ಹಲವೆಡೆ ಪಾಲಿಸುವ ಗುರಿ.

ತಮಿಳುನಾಡಿನಲ್ಲಿ ಸಿಸೇರಿಯನ್ ಪ್ರಮಾಣ ಹೆಚ್ಚು. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಅಲ್ಲಿ ಶೇ 44.9ರಷ್ಟು ಹೆರಿಗೆಗಳು ಸಿಸೇರಿಯನ್. ಕರ್ನಾಟಕದಲ್ಲಿ ಶೇ 31.5, ಇಡೀ ದೇಶದಲ್ಲಿ ಶೇ 21.5. ಹೀಗಿರುವಾಗ 'ಬಡಿತ ಸರಿಯಿಲ್ಲ' ಎಂದೊಡನೆ ಮನೆಯವರಿಗೆ ಅನುಮಾನ ಬರುವುದುಂಟು. ಅನುಮಾನವನ್ನು ಪ್ರಶ್ನೆಯಾಗಿ ಕೇಳಿ:

- ಗೆರೆ ಯಾವ ಗುಂಪಿನಲ್ಲಿದೆ? ಎಷ್ಟು ಹೊತ್ತಿನಿಂದ ಹೀಗಿದೆ?
- ಮಗ್ಗುಲು ಬದಲಿಸಿ, ಡ್ರಿಪ್ ನಿಲ್ಲಿಸಿ ನೋಡಿದಿರಾ? ಏನಾಯಿತು?
- ಕಾದು ನೋಡಲು ಸಮಯವಿದೆಯೇ, ಅಥವಾ ಈಗಲೇ ಮಾಡಬೇಕೇ?

ಅನುಮಾನಾಸ್ಪದ ಗೆರೆಯಾದರೆ ಈ ಪ್ರಶ್ನೆಗಳಿಗೆ ಉತ್ತರ ಕೊಡಲು ವೈದ್ಯರಿಗೆ ಸಮಯವಿರುತ್ತದೆ. 'ಈಗಲೇ' ಎಂಬ ಉತ್ತರ ಬಂದರೆ ಚರ್ಚೆ ನಿಲ್ಲಿಸಿ ಸಹಿ ಹಾಕಿ. ಊರಿನ ಹಿರಿಯರಿಗೆ ಫೋನ್ ಮಾಡಿ ಕೇಳುತ್ತಾ ಕೂತರೆ ಆ ಕೆಲವು ನಿಮಿಷಗಳು ಮಗುವಿನ ಪಾಲಿಗೆ ದುಬಾರಿಯಾಗುತ್ತವೆ. ವಿವರಣೆಯನ್ನು ಹೆರಿಗೆಯಾದ ಮೇಲೂ ಕೇಳಬಹುದು.

ತಾಂಬರಂನಲ್ಲಿ ಹೆರಿಗೆಯಾದರೆ

ವಾಯುಪಡೆ ನೆಲೆ, ರೈಲ್ವೆ, ಜಿಎಸ್‌ಟಿ ರಸ್ತೆಯ ಆಚೀಚಿನ ಕಂಪನಿಗಳ ಕೆಲಸಕ್ಕೆಂದು ತಾಂಬರಂಗೆ ಬಂದ ಕುಟುಂಬಗಳಲ್ಲಿ ಹೆರಿಗೆಗೆ ತವರಿಗೆ ಹೋಗದೆ ಇಲ್ಲೇ ಉಳಿಯುವವರಿದ್ದಾರೆ. ಊರಿನಿಂದ ಬಂದ ಅಮ್ಮನಿಗೋ ಅತ್ತೆಗೋ ತಮಿಳು ಬಾರದಿರಬಹುದು. ಬಡಿತ ಇಳಿದ ಹೊತ್ತಿನಲ್ಲಿ ನರ್ಸ್ ಹೇಳಿದ ಒಂದು ಮಾತು ಅರ್ಥವಾಗದಿದ್ದರೆ ಸಮಯ ಹಾಳಾಗುತ್ತದೆ. ಈ ಮಾತುಗಳನ್ನು ಮೊದಲೇ ಕಲಿತಿರಿ:

- 'ಇದಯ ತುಡಿಪ್ಪು': ಎದೆಬಡಿತ. 'ತುಡಿಪ್ಪು ಕುರೈಯುದು': ಬಡಿತ ಕಡಿಮೆಯಾಗುತ್ತಿದೆ.
- 'ಇಡದು ಪಕ್ಕಮಾ ತಿರುಂಬಿ ಪಡುಂಗ': ಎಡ ಮಗ್ಗುಲಿಗೆ ತಿರುಗಿ ಮಲಗಿ.
- 'ಮುಕ್ಕುಂಗ': ಮುಕ್ಕಿ. 'ಮುಕ್ಕಾದೀಂಗ': ಮುಕ್ಕಬೇಡಿ. ಎರಡೂ ಕಿವಿಗೆ ಒಂದೇ ಥರ ಕೇಳಿಸುತ್ತವೆ, ಅರ್ಥ ಮಾತ್ರ ತದ್ವಿರುದ್ಧ.
- 'ವಲಿ': ನೋವು. 'ಮೂಚ್ಚು': ಉಸಿರು.
- ನೀವು ನರ್ಸ್‌ರನ್ನು ಕರೆಯಲು: 'ಸಿಸ್ಟರ್, ಕೊಂಜಂ ವಂದು ಪಾರುಂಗ' ಎಂದರೆ 'ಸಿಸ್ಟರ್, ಸ್ವಲ್ಪ ಬಂದು ನೋಡಿ'.

ಹೆರಿಗೆ ಕೋಣೆಯಲ್ಲಿ ಜೊತೆಗೊಬ್ಬರು ಇರಲು ಸರ್ಕಾರಿ ಆಸ್ಪತ್ರೆಗಳಲ್ಲೂ ಅವಕಾಶವಿದೆ. ಕೇಂದ್ರ ಸರ್ಕಾರ 2017ರಲ್ಲಿ ಆರಂಭಿಸಿದ 'ಲಕ್ಷ್ಯ' ಕಾರ್ಯಕ್ರಮ ಇದನ್ನು ಪ್ರೋತ್ಸಾಹಿಸುತ್ತದೆ. ಸಾಮಾನ್ಯವಾಗಿ ಹೆಂಗಸರನ್ನು ಮಾತ್ರ ಬಿಡುತ್ತಾರೆ. ಅಮ್ಮನಿಗೆ ತಮಿಳು ಬಾರದಿದ್ದರೆ ತಮಿಳು ಬಲ್ಲ ಗೆಳತಿ ಅಥವಾ ಪಕ್ಕದ ಮನೆಯವರು ಇರಬಹುದೇ ಎಂದು ಮೊದಲೇ ಕೇಳಿಕೊಳ್ಳಿ.

ಕರ್ನಾಟಕದಲ್ಲಿ ತಪಾಸಣೆ ಮಾಡಿಸಿದ್ದರೆ ತಾಯಿ ಕಾರ್ಡ್, ಸ್ಕ್ಯಾನ್ ವರದಿ, ಹಿಂದಿನ ಸಿಸೇರಿಯನ್ ದಾಖಲೆ ಜೊತೆಯಲ್ಲಿರಲಿ. ಆಗಾಗ ಕೇಳಿದರೆ ಸಾಕೋ, ನಿರಂತರ ಸಿಟಿಜಿ ಬೇಕೋ ಎಂಬುದನ್ನು ಇವುಗಳನ್ನು ನೋಡಿಯೇ ನಿರ್ಧರಿಸುತ್ತಾರೆ. ಸೇರುವ ಆಸ್ಪತ್ರೆಯಲ್ಲಿ ರಾತ್ರಿಯೂ ಸಿಸೇರಿಯನ್ ಮಾಡುತ್ತಾರೆಯೇ, ಇಲ್ಲದಿದ್ದರೆ ಎಲ್ಲಿಗೆ ಕಳಿಸುತ್ತಾರೆ ಎಂದು ಕೇಳಿಡಿ. ದೊಡ್ಡ ಸರ್ಕಾರಿ ಆಸ್ಪತ್ರೆಗಳೆಂದರೆ ದಕ್ಷಿಣಕ್ಕೆ ಚೆಂಗಲ್‌ಪಟ್ಟು ಸರ್ಕಾರಿ ವೈದ್ಯಕೀಯ ಕಾಲೇಜು ಆಸ್ಪತ್ರೆ, ನಗರದೊಳಗೆ 1844ರಿಂದ ನಡೆಯುತ್ತಿರುವ ಎಗ್ಮೋರ್‌ನ ಸರ್ಕಾರಿ ಹೆರಿಗೆ ಆಸ್ಪತ್ರೆ. ತುರ್ತು ವಾಹನಕ್ಕೆ 108. ಸರ್ಕಾರಿ ಆಸ್ಪತ್ರೆಯಲ್ಲಿ ಹೆರಿಗೆ, ಸಿಸೇರಿಯನ್, ಔಷಧಿ, ರಕ್ತ, ಇನ್ನೊಂದು ಆಸ್ಪತ್ರೆಗೆ ಸಾಗಿಸುವ ವಾಹನ ಇವೆಲ್ಲ 2011ರ ಜನನಿ ಶಿಶು ಸುರಕ್ಷಾ ಕಾರ್ಯಕ್ರಮದಡಿ ಉಚಿತ.

ಕೂಡಲೇ ನರ್ಸ್‌ರನ್ನು ಕರೆಯಿರಿ

- ಯಂತ್ರದ ಸಂಖ್ಯೆ 110ಕ್ಕಿಂತ ಕೆಳಗಿಳಿದು ಒಂದು ನಿಮಿಷದಲ್ಲಿ ಏರದಿದ್ದರೆ, ಅಥವಾ 160ರ ಮೇಲೆಯೇ ಉಳಿದರೆ
- ನೀರು ಹೋಗಿ, ಅದು ಹಸಿರು, ಕಂದು ಅಥವಾ ರಕ್ತದ ಬಣ್ಣದ್ದಾಗಿದ್ದರೆ
- ಯೋನಿಯಲ್ಲಿ ಬಳ್ಳಿಯಂಥದ್ದು ಕಂಡರೆ ಅಥವಾ ಕೈಗೆ ತಗುಲಿದರೆ
- ನೋವು ಬಿಡುವೇ ಇಲ್ಲದೆ ಬಂದರೆ, ಹೊಟ್ಟೆ ಕಲ್ಲಿನಂತೆ ಗಟ್ಟಿಯಾಗಿಯೇ ಉಳಿದರೆ
- ಹಿಂದೆ ಸಿಸೇರಿಯನ್ ಆಗಿದ್ದು, ಹಳೆ ಹೊಲಿಗೆಯ ಜಾಗದಲ್ಲಿ ನೋವುಗಳ ನಡುವೆಯೂ ಉರಿ, ನೋವು ಇದ್ದರೆ
- ತಲೆ ಸುತ್ತು, ಚಳಿ ಜ್ವರ, ಹೆಚ್ಚು ರಕ್ತಸ್ರಾವ ಇದ್ದರೆ
- ಬಡಿತ ಕೇಳಲು ಯಾರೂ ಬಂದು ಅರ್ಧ ಗಂಟೆ ದಾಟಿದ್ದರೆ

ಹೆರಿಗೆ ನೋವು ಶುರುವಾಗುವ ಮೊದಲೇ, ಮನೆಯಲ್ಲಿರುವಾಗ ಮಗುವಿನ ಅಲುಗಾಟ ಕಡಿಮೆಯಾಗಿದೆ ಎನಿಸಿದರೂ ಬೆಳಗಾಗುವವರೆಗೆ ಕಾಯದೆ ಆಸ್ಪತ್ರೆಗೆ ಹೋಗಿ.

ಜೊತೆಗಿರುವವರು ಯಂತ್ರದ ಪರದೆಯನ್ನೇ ನೋಡುತ್ತಾ ಕೂರಬೇಕಾಗಿಲ್ಲ. ತಾಯಿಯ ಬೆನ್ನು ಸವರಿ, ನೀರು ಕುಡಿಸಿ, ಅಂಗಾತ ಮಲಗದಂತೆ ನೋಡಿಕೊಳ್ಳಿ. ಗೆರೆ ಓದುವುದು ನರ್ಸ್ ಕೆಲಸ. ಮೇಲಿನ ಪಟ್ಟಿಯಲ್ಲಿರುವ ಯಾವುದಾದರೂ ಕಂಡರೆ ಸಂಕೋಚಪಡದೆ ಕರೆಯುವುದು ನಿಮ್ಮ ಕೆಲಸ. ಹತ್ತು ಸಲ ಕರೆದು ಒಂಬತ್ತು ಸಲ ಏನೂ ಇಲ್ಲವೆಂದಾದರೂ ಪರವಾಗಿಲ್ಲ.

ಈ ಲೇಖನ ಸಾಮಾನ್ಯ ತಿಳಿವಳಿಕೆಗಾಗಿ. ನಿಮ್ಮ ಹೆರಿಗೆಯ ನಿರ್ಧಾರಗಳನ್ನು ನಿಮ್ಮನ್ನು ನೋಡುತ್ತಿರುವ ವೈದ್ಯರು ಮತ್ತು ನರ್ಸ್‌ಗಳ ಸಲಹೆಯಂತೆ ಕೈಗೊಳ್ಳಿ.